ನಿಮ್ಮದೇ ಸೆವೆನ್ ಡೇಸ್ ಟು ಡೈ ಸರ್ವರ್‌ನಲ್ಲಿ ಚೀಟ್ ಮೆನು ಬಳಸುವ ಬಗೆ

ಇಪ್ಪತ್ತು ದಿನ ಕಲ್ಲು ಕುಟ್ಟಿ, ಕಬ್ಬಿಣ ಕರಗಿಸಿ ಕಟ್ಟಿದ ಮೋಟರ್‌ಸೈಕಲ್, ಸರ್ವರ್ ಒಂದು ಕ್ಷಣ ತಡವರಿಸಿದ್ದೇ ತಡ, ನೆಲದೊಳಗೆ ಇಳಿದು ಮಾಯವಾಗುತ್ತದೆ. ಇನ್ನೊಬ್ಬರು ಗೋಡೆಯ ಸಂದಿಯಲ್ಲಿ ಸಿಕ್ಕಿಕೊಂಡು ಅಲ್ಲಾಡಲಾರರು. ಮತ್ತೊಬ್ಬರ ಬ್ಯಾಗ್ ಕರೆಂಟ್ ಹೋದ ಹೊತ್ತಿಗೇ ಕಳೆದುಹೋಗಿದೆ. ನಾಲ್ಕೈದು ಜನ ಸೇರಿ ಸರ್ವೈವಲ್ ಆಟ ಆಡುವ ಕಡೆ ಇವೆಲ್ಲ ಆಗುತ್ತಲೇ ಇರುತ್ತವೆ. ಆಟದೊಳಗೇ ಇರುವ ಚೀಟ್ ಮೆನು ಇಂಥ ಹೊತ್ತಿನಲ್ಲಿ ಸ್ಪ್ಯಾನರ್ ಇದ್ದ ಹಾಗೆ. ಅದೇ ಮೆನುವಿನಿಂದ ಯಾರೋ ಮೊದಲ ದಿನವೇ ಮೆಷಿನ್ ಗನ್ ಇಳಿಸಿಕೊಂಡರೆ ಉಳಿದವರಿಗೆ ಆಡುವುದಕ್ಕೆ ಏನೂ ಇರುವುದಿಲ್ಲ. ಹಾಗಾಗಿ ಮೆನು ತೆರೆಯುವುದು ಹೇಗೆ ಎಂಬುದರಷ್ಟೇ, ಅದರ ಕೀಲಿ ಯಾರ ಹತ್ತಿರ ಇರಬೇಕು ಎಂಬುದೂ ಇಲ್ಲಿ ಮುಖ್ಯ.

ಜೋಂಬಿಗಳ ನಡುವೆ ಬದುಕುಳಿಯುವ ಆಟ ಸೆವೆನ್ ಡೇಸ್ ಟು ಡೈ 2013ರಲ್ಲಿ ಅರ್ಲಿ ಆಕ್ಸೆಸ್ (ಪೂರ್ತಿಯಾಗುವ ಮೊದಲೇ ಆಡಲು ಸಿಗುವ ಆವೃತ್ತಿ) ಆಗಿ ಬಂತು, 2024ರ ಜುಲೈನಲ್ಲಿ 1.0 ಆಯಿತು. ಕೆಳಗಿನ ವಿವರಗಳು ಪಿಸಿ ಆವೃತ್ತಿಗೆ ಸಂಬಂಧಿಸಿದವು. ಕಮಾಂಡ್ ಮತ್ತು ಫೈಲ್‌ಗಳ ಹೆಸರನ್ನು ಇಲ್ಲಿ ಉಚ್ಚಾರದಂತೆ ಕನ್ನಡದಲ್ಲಿ ಬರೆದಿದೆ. ಕನ್ಸೋಲ್‌ನಲ್ಲಿ, ಅಂದರೆ ಎಫ್1 ಒತ್ತಿದರೆ ತೆರೆಯುವ ಕಮಾಂಡ್ ಕಿಟಕಿಯಲ್ಲಿ, ಇಂಗ್ಲಿಷ್‌ನಲ್ಲೇ ಟೈಪ್ ಮಾಡಬೇಕು. ಕಾಗುಣಿತದಲ್ಲಿ ಅನುಮಾನ ಬಂದರೆ ಎಫ್1 ಒತ್ತಿ 'ಹೆಲ್ಪ್' ಎಂದು ಕೊಡಿ, ಪೂರ್ತಿ ಪಟ್ಟಿ ಬರುತ್ತದೆ. 'ಹೆಲ್ಪ್' ಪಕ್ಕದಲ್ಲಿ ಕಮಾಂಡ್ ಹೆಸರು ಕೊಟ್ಟರೆ ಅದೊಂದರ ಬಳಕೆಯನ್ನೇ ತೋರಿಸುತ್ತದೆ.

ಇನ್ನೊಬ್ಬರ ಸರ್ವರ್‌ನಲ್ಲಿ ಬೇಡ

ಇದರಲ್ಲಿ ಚರ್ಚೆಗೆ ಜಾಗವಿಲ್ಲ. ಸಾರ್ವಜನಿಕ ಸರ್ವರ್‌ಗಳು ಸಾಮಾನ್ಯವಾಗಿ ಮೋಸ ಪತ್ತೆಹಚ್ಚುವ ಈಸಿ ಆ್ಯಂಟಿ-ಚೀಟ್ ಪ್ರೋಗ್ರಾಂ ಹಾಕಿಕೊಂಡಿರುತ್ತವೆ. ಆಟದ ಮೆಮೊರಿಯನ್ನು ತಿದ್ದುವ ಮೆನು ಹಾಕಿಕೊಂಡು ಒಳಗೆ ಹೋದರೆ ಹೊರಗೆ ಬೀಳುತ್ತೀರಿ, ನಿಷೇಧ ನಿಮ್ಮ ಖಾತೆಗೇ ಅಂಟಿಕೊಳ್ಳುತ್ತದೆ. ಅದಕ್ಕಿಂತ ದೊಡ್ಡ ಅಪಾಯ ಡೌನ್‌ಲೋಡ್‌ನಲ್ಲೇ ಇದೆ. 'ಫ್ರೀ ಹ್ಯಾಕ್ ಮೆನು' ಎಂದು ಸಿಗುವ ಪ್ರೋಗ್ರಾಂ ಮೊದಲು ಹೇಳುವುದೇ ಆ್ಯಂಟಿವೈರಸ್ ಆಫ್ ಮಾಡಿ ಎಂದು. ಆಫ್ ಮಾಡಿದ ಮೇಲೆ ಬ್ರೌಸರ್‌ನಲ್ಲಿ ಉಳಿಸಿಟ್ಟ ಪಾಸ್‌ವರ್ಡ್, ಸ್ಟೀಮ್ (ಆಟ ಕೊಂಡು ಆಡುವ ಆ್ಯಪ್) ಲಾಗಿನ್ ಎಲ್ಲವೂ ಯಾರದೋ ಕೈಗೆ ಹೋಗಬಹುದು. ಈಗಾಗಲೇ ಹಾಕಿಬಿಟ್ಟಿದ್ದರೆ ಬೇರೆ ಫೋನ್ ಅಥವಾ ಕಂಪ್ಯೂಟರಿನಿಂದ ಪಾಸ್‌ವರ್ಡ್ ಬದಲಿಸಿ, ಸ್ಟೀಮ್‌ನಲ್ಲಿ ಎಲ್ಲ ಸಾಧನಗಳಿಂದ ಲಾಗೌಟ್ ಆಗಿ. ಹಣ ಹೋಗಿದ್ದರೆ ತಡ ಮಾಡದೆ ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೆ ಫೋನ್ ಮಾಡಿ.

ಈ ಆಟಕ್ಕೆ ಅಂಥ ಪ್ರೋಗ್ರಾಂ ಬೇಕೂ ಇಲ್ಲ. ಬೇಕಾದದ್ದೆಲ್ಲ ಆಟದೊಳಗೇ ಇದೆ, ಅಡ್ಮಿನ್ ಅಧಿಕಾರ ಒಂದಿದ್ದರೆ ಸಾಕು.

ಸರ್ವರ್ ಎಲ್ಲಿಡುವುದು

ಬೆಂಗಳೂರಿನ ಮನೆಯಲ್ಲೇ ಇಡಬಹುದು, ಆದರೆ ಮೊದಲು ರೌಟರ್‌ನ ಪುಟ ತೆರೆದು ವ್ಯಾನ್ ಐಪಿ (ಇಂಟರ್ನೆಟ್ ಕಡೆಯಿಂದ ರೌಟರ್‌ಗೆ ಸಿಕ್ಕ ವಿಳಾಸ) ನೋಡಿ. ಅದು 100.64ರಿಂದ 100.127ರ ನಡುವೆ ಶುರುವಾಗಿದ್ದರೆ ನಿಮ್ಮ ಇಂಟರ್ನೆಟ್ ಕಂಪನಿ ಒಂದೇ ಸಾರ್ವಜನಿಕ ವಿಳಾಸವನ್ನು ಎಷ್ಟೋ ಮನೆಗಳಿಗೆ ಹಂಚಿದೆ ಎಂದರ್ಥ. ಅಪಾರ್ಟ್‌ಮೆಂಟ್‌ಗೆಲ್ಲ ಒಂದೇ ಗೇಟು, ಒಳಗಿನ ಮನೆಗಳಿಗೆ ಹೊರಗಿನವರಿಗೆ ಕಾಣುವ ನಂಬರೇ ಇಲ್ಲ, ಆ ಥರ. ಆಗ ಪೋರ್ಟ್ ಫಾರ್ವರ್ಡಿಂಗ್ (ಹೊರಗಿನ ಸಂಪರ್ಕವನ್ನು ರೌಟರ್‌ನಿಂದ ಸರ್ವರ್‌ಗೆ ದಾಟಿಸುವುದು) ಎಷ್ಟು ಸರಿಯಾಗಿ ಮಾಡಿದರೂ ಹೊರಗಿನಿಂದ ಯಾರೂ ಬರಲಾರರು. ದಾರಿ ಮೂರು: ತಿಂಗಳಿಗೆ ಸ್ವಲ್ಪ ಹೆಚ್ಚು ಕೊಟ್ಟು ಸ್ಟ್ಯಾಟಿಕ್ ಐಪಿ, ಅಂದರೆ ನಿಮಗೇ ಮೀಸಲಾದ ಸಾರ್ವಜನಿಕ ವಿಳಾಸ, ಪಡೆಯುವುದು; ಎಲ್ಲರ ಕಂಪ್ಯೂಟರಿನಲ್ಲೂ ಟೈಲ್‌ಸ್ಕೇಲ್ ಅಥವಾ ಜೀರೋಟಿಯರ್ ಹಾಕಿ ಒಂದೇ ಖಾಸಗಿ ಜಾಲಕ್ಕೆ ಸೇರುವುದು; ಇಲ್ಲವೇ ಮುಂಬೈನಲ್ಲಿರುವ ಬಾಡಿಗೆ ಸರ್ವರ್. ಯುರೋಪಿನ ಅಗ್ಗದ ಬಾಡಿಗೆಗೆ ಆಸೆಪಡಬೇಡಿ. ಅಷ್ಟು ದೂರದ ಸರ್ವರ್‌ನಲ್ಲಿ ಜೋಂಬಿ ಹೊಡೆದ ಏಟು ಬಿದ್ದಮೇಲೆ ಕಾಣುತ್ತದೆ.

ವ್ಯಾನ್ ಐಪಿ ನೇರವಾಗಿದ್ದರೆ 26900 ಪೋರ್ಟನ್ನು ಟಿಸಿಪಿ ಮತ್ತು ಯುಡಿಪಿ ಎಂಬ ಎರಡೂ ಬಗೆಯ ಸಂಪರ್ಕಕ್ಕೆ, 26901 ಮತ್ತು 26902ನ್ನು ಯುಡಿಪಿಗೆ ತೆರೆಯಿರಿ. ಬಹಳ ಜನ 26900ರ ಯುಡಿಪಿ ಮರೆಯುತ್ತಾರೆ. ವಿಂಡೋಸ್ ಫೈರ್‌ವಾಲ್‌ನಲ್ಲೂ ಇವಕ್ಕೆ ಅನುಮತಿ ಬೇಕು.

ಒಂದೇ ಯಂತ್ರದಲ್ಲಿ ಸರ್ವರ್ ಮತ್ತು ಆಟ ಎರಡೂ ಓಡಬೇಕಾದರೆ 16 ಜಿಬಿ ರ‍್ಯಾಮ್ ಬೇಗ ಉಸಿರುಗಟ್ಟುತ್ತದೆ. ಕಂಪ್ಯೂಟರ್ ಅಂಗಡಿಗಳ ಎಸ್‌ಪಿ ರೋಡಿಗೆ ಹೋಗಿ 32ಕ್ಕೆ ಏರಿಸುವುದು ಗ್ರಾಫಿಕ್ಸ್ ಕಾರ್ಡ್ ಬದಲಿಸುವುದಕ್ಕಿಂತ ಉಪಯೋಗದ ಖರ್ಚು. ಸೇವ್ ಇರುವ ಡಿಸ್ಕ್ ಎಸ್‌ಎಸ್‌ಡಿಯೇ ಆಗಿರಲಿ.

ಅಡ್ಮಿನ್ ಆಗುವುದು

ಸ್ಟೀಮ್ ಲೈಬ್ರರಿಯ ಟೂಲ್ಸ್ ವಿಭಾಗದಲ್ಲಿ ಆಟದ ಡೆಡಿಕೇಟೆಡ್ ಸರ್ವರ್ (ಸರ್ವರ್ ಕೆಲಸ ಮಾತ್ರ ಮಾಡುವ ಪ್ರೋಗ್ರಾಂ) ಸಿಗುತ್ತದೆ. ಸ್ಟೀಮ್‌ಸಿಎಂಡಿ (ಕಮಾಂಡ್ ಟೈಪ್ ಮಾಡಿ ಬಳಸುವ ಸ್ಟೀಮ್) ಬಳಸುವವರಿಗೆ ಅದರ ಆ್ಯಪ್ ಸಂಖ್ಯೆ 294420, ಅನಾಮಧೇಯ ಲಾಗಿನ್ ಸಾಕು. ಇನ್‌ಸ್ಟಾಲ್ ಆದಮೇಲೆ ಸರ್ವರ್‌ಕಾನ್ಫಿಗ್ ಎಕ್ಸ್‌ಎಂಎಲ್ ಫೈಲ್ ತೆರೆದು ಸರ್ವರ್ ಹೆಸರು, ಪಾಸ್‌ವರ್ಡ್ ಹಾಕಿ, ಸರ್ವರ್‌ವಿಸಿಬಿಲಿಟಿಯನ್ನು 0 ಮಾಡಿ. 1 ಎಂದರೆ 'ಗೆಳೆಯರಿಗೆ ಮಾತ್ರ' ಎಂದು ಓದಿ ಅದನ್ನು ಆರಿಸುವವರಿದ್ದಾರೆ. ಡೆಡಿಕೇಟೆಡ್ ಸರ್ವರ್‌ಗೆ ಸ್ಟೀಮ್‌ನಲ್ಲಿ ಗೆಳೆಯರೇ ಇರುವುದಿಲ್ಲ ಪಾಪ, ಹಾಗಾಗಿ ಮೊದಲನೆಯವರು ಐಪಿ ಹಾಕಿಯೇ ಒಳಗೆ ಬರಬೇಕಾಗುತ್ತದೆ. ಬಿಲ್ಡ್‌ಕ್ರಿಯೇಟ್ ಎಂಬ ಸಾಲು ಇಡೀ ಲೋಕದ ಚೀಟ್ ಮೋಡ್. ಅದು 'ಫಾಲ್ಸ್' ಆಗಿಯೇ ಇರಲಿ. ನಮಗೆ ಬೇಕಾದದ್ದು ಎಲ್ಲರಿಗೂ ತೆರೆದ ಉಗ್ರಾಣವಲ್ಲ, ಒಬ್ಬರ ಸೊಂಟದಲ್ಲಿರುವ ಕೀಲಿ.

ಸರ್ವರನ್ನು ಒಮ್ಮೆ ಓಡಿಸಿ ನಿಲ್ಲಿಸಿ. ಆಗ ಸೇವ್ಸ್ ಫೋಲ್ಡರಿನಲ್ಲಿ ಸರ್ವರ್‌ಅಡ್ಮಿನ್ ಎಂಬ ಎಕ್ಸ್‌ಎಂಎಲ್ ಫೈಲ್ ಹುಟ್ಟುತ್ತದೆ. ವಿಂಡೋಸ್‌ನಲ್ಲಿ ಆ್ಯಪ್‌ಡೇಟಾ, ರೋಮಿಂಗ್, ಅದರೊಳಗೆ ಆಟದ ಹೆಸರಿನ ಫೋಲ್ಡರ್, ಅದರೊಳಗೆ ಸೇವ್ಸ್. ಫೈಲಿನಲ್ಲಿ ಮಾದರಿಗೆಂದು ಒಂದು ಯೂಸರ್ ಸಾಲು ಈಗಾಗಲೇ ಇರುತ್ತದೆ. ಆ ಸಾಲಿನಲ್ಲೇ ತಮ್ಮ ಐಡಿ ತುಂಬಿ 'ಅಡ್ಮಿನ್ ಆಗಲಿಲ್ಲ' ಎಂದು ತಲೆ ಕೆಡಿಸಿಕೊಳ್ಳುವವರೇ ಹೆಚ್ಚು. ಆ ಸಾಲಿನ ಹಿಂದೆ ಮುಂದೆ ಬಾಣದಂಥ ಕಾಮೆಂಟ್ ಗುರುತುಗಳಿವೆ. ಅವುಗಳ ನಡುವೆ ಇರುವುದನ್ನು ಸರ್ವರ್ ಓದುವುದೇ ಇಲ್ಲ. ಸಾಲನ್ನು ಕಾಪಿ ಮಾಡಿ ಗುರುತುಗಳ ಹೊರಗೆ ಹಾಕಿ, ಪ್ಲಾಟ್‌ಫಾರ್ಮ್ ಸ್ಟೀಮ್ ಎಂದೂ, ಯೂಸರ್‌ಐಡಿಗೆ ನಿಮ್ಮ 17 ಅಂಕಿಯ ಸ್ಟೀಮ್ ಐಡಿಯನ್ನೂ ಕೊಡಿ. ಅದು 7656119ರಿಂದ ಶುರುವಾಗುತ್ತದೆ. ಬೇರೆ ಅಂಕಿಯಿಂದ ಶುರುವಾದರೆ ತಪ್ಪು ಐಡಿ ಹಾಕಿದ್ದೀರಿ. ಪರ್ಮಿಷನ್ ಲೆವೆಲ್ 0.

0 ಎಂದರೆ ಏನೂ ಇಲ್ಲ ಎಂದುಕೊಳ್ಳಬೇಡಿ. ಇಲ್ಲಿ ಲೆಕ್ಕ ಉಲ್ಟಾ: 0 ಯಜಮಾನ, 1000 ಸಾಮಾನ್ಯ ಆಟಗಾರ. ಅದೇ ಫೈಲಿನಲ್ಲಿ ಪ್ರತಿ ಕಮಾಂಡಿಗೂ ಒಂದು ಲೆವೆಲ್ ಕೊಡಬಹುದು, ಪಟ್ಟಿಯಲ್ಲಿ ಇಲ್ಲದ ಕಮಾಂಡ್ ತಾನಾಗಿ 0ಗೆ ಸೇರಿದ್ದು. ಇದನ್ನು ಉಪಯೋಗಿಸಿಕೊಳ್ಳಿ. ಇಬ್ಬರು ಅಡ್ಮಿನ್ ಬೇಕಿದ್ದರೆ ಇಬ್ಬರಿಗೂ 0 ಕೊಡಬೇಡಿ. ಎರಡನೆಯವರಿಗೆ 1 ಕೊಟ್ಟು, 'ಸಿಪಿ ಆ್ಯಡ್ ಟೆಲಿಪೋರ್ಟ್‌ಪ್ಲೇಯರ್ 1' ಎಂದು ಕನ್ಸೋಲ್‌ನಲ್ಲಿ ಹಾಕಿದರೆ ಸಿಕ್ಕಿಬಿದ್ದವರನ್ನು ಎಳೆದು ತರುವ ಕೆಲಸ ಅವರಿಂದಾಗುತ್ತದೆ, ವಸ್ತು ಇಳಿಸುವುದು ಆಗುವುದಿಲ್ಲ. ನೀವು ಊರಿಗೆ ಹೋದ ವಾರ ಆಟವೂ ನಿಲ್ಲದು.

ಅದೇ ಫೈಲಿನಲ್ಲಿ ವೈಟ್‌ಲಿಸ್ಟ್ ಭಾಗವೂ ಇದೆ. ಒಂದೇ ಒಂದು ಹೆಸರು ಅಲ್ಲಿ ಬಿದ್ದರೂ ಸಾಕು, ಪಟ್ಟಿಯಲ್ಲಿಲ್ಲದವರಿಗೆಲ್ಲ ಬಾಗಿಲು ಮುಚ್ಚುತ್ತದೆ. ಅಡ್ಮಿನ್‌ಗಳಿಗೆ ಮಾತ್ರ ವಿನಾಯಿತಿ. ತಮ್ಮ ಹೆಸರಷ್ಟೇ ಸೇರಿಸಿ 'ಯಾರಿಗೂ ಬರಲಾಗುತ್ತಿಲ್ಲ' ಎನ್ನುವುದು ಇನ್ನೊಂದು ಮಾಮೂಲಿ ತೊಂದರೆ.

ಸಿಎಂ ಮತ್ತು ಡಿಎಂ

ಎಫ್1 ಒತ್ತಿ 'ಸಿಎಂ' ಎಂದು ಕೊಟ್ಟರೆ ಕ್ರಿಯೇಟಿವ್ ಮೆನು ಆನ್. ವಿಧಾನಸೌಧದ ಸಿಎಂ ಅಲ್ಲವಾದರೂ ಇವರೂ ಕೇಳಿದ್ದೆಲ್ಲ ಕೊಡುತ್ತಾರೆ. ಕನ್ಸೋಲ್ ಮುಚ್ಚಿ ಯು ಒತ್ತಿದರೆ ಆಟದ ವಸ್ತುಗಳೆಲ್ಲ ಪುಟಪುಟವಾಗಿ ಬರುತ್ತವೆ, ಮೇಲೆ ಹುಡುಕುವ ಪಟ್ಟಿ ಇದೆ. ವಸ್ತುವನ್ನು ಎಳೆದು ನಿಮ್ಮ ಬ್ಯಾಗಿಗೆ ಹಾಕಿ, ಕಳೆದುಕೊಂಡವರ ಮುಂದೆ ಕೆಳಗೆ ಬಿಡಿ ಅಥವಾ ಅವರ ಪೆಟ್ಟಿಗೆಗೆ ಹಾಕಿ. ಮುಗಿದ ಕೂಡಲೇ ಮತ್ತೆ 'ಸಿಎಂ' ಕೊಟ್ಟು ಆಫ್ ಮಾಡಿ.

'ಡಿಎಂ' ಎಂದರೆ ಡೀಬಗ್ ಮೆನು. ಇದು ಆನ್ ಆದಾಗ ಕ್ಯು ಒತ್ತಿದರೆ ಏಟೇ ತಾಗದ ಗಾಡ್ ಮೋಡ್, ಎಚ್ ಒತ್ತಿದರೆ ಹಾರಾಟ. ನೆಲದಡಿ ಹೋದ ಗಾಡಿಯನ್ನು ಹುಡುಕಲು, ದೂರದಲ್ಲಿ ಒಡೆದ ಗೋಡೆ ನೋಡಲು ಇದು ಬೇಕು. ಇಳಿಯುವಾಗ ಎಚ್ಚರ: ಗಾಳಿಯಲ್ಲಿರುವಾಗಲೇ ಗಾಡ್ ಮೋಡ್ ತೆಗೆದು ಆಮೇಲೆ ಹಾರಾಟ ನಿಲ್ಲಿಸಿದರೆ ಕಲ್ಲಿನಂತೆ ಬಿದ್ದು ಸಾಯುತ್ತೀರಿ. ನೆಲ ಮುಟ್ಟಿ, ಹಾರಾಟ ನಿಲ್ಲಿಸಿ, ಕೊನೆಗೆ ಗಾಡ್ ಮೋಡ್ ತೆಗೆಯಿರಿ. ಡಿಎಂ ಆನ್ ಆಗಿಯೇ ಉಳಿದರೆ ಗೊತ್ತಿಲ್ಲದೆ ಕ್ಯು ತಾಗಿ ಇಡೀ ಸಂಜೆ ಒಂದೂ ಏಟು ತಾಗದೆ ಆಡಿರುತ್ತೀರಿ. ಜೊತೆಗಾರರಿಗೆ ಅದು ಬೇಲಿಯೇ ಎದ್ದು ಹೊಲ ಮೇಯ್ದಂತೆ ಕಾಣುತ್ತದೆ, ತಪ್ಪೂ ಅಲ್ಲ.

ಇದನ್ನು ತಪ್ಪಿಸಲು ಒಂದು ಒಳ್ಳೆಯ ಪದ್ಧತಿ ಇದೆ. ಸಿಎಂ ತೆರೆಯುವ ಮೊದಲು ಟಿ ಒತ್ತಿ ಚಾಟ್‌ನಲ್ಲಿ ಯಾರಿಗೆ, ಏನು, ಯಾಕೆ ಎಂದು ಒಂದು ಸಾಲು ಬರೆಯಿರಿ. ಚಾಟ್ ಸಾಲುಗಳು ಸರ್ವರ್ ಲಾಗ್‌ನಲ್ಲೂ ಉಳಿಯುತ್ತವೆ, ಮುಂದೆ ಜಗಳವಾದರೆ ತೆಗೆದು ತೋರಿಸಬಹುದು. ಬ್ಯಾಗ್ ಕಳೆದುಕೊಂಡವರು ಏನೇನಿತ್ತು ಎಂದು ನೆನಪಿನಿಂದ ಹೇಳಿದರೆ ಪಟ್ಟಿ ಬೆಳೆಯುತ್ತಲೇ ಹೋಗುತ್ತದೆ. ಆಟ ನಿಲ್ಲಿಸುವ ಮುನ್ನ ಎಲ್ಲರೂ ಎಫ್12 ಒತ್ತಿ ಬ್ಯಾಗಿನ ಸ್ಕ್ರೀನ್‌ಶಾಟ್ ತೆಗೆದಿಟ್ಟುಕೊಳ್ಳಲಿ. ಅದರಲ್ಲಿ ಇದ್ದದ್ದಷ್ಟೇ ವಾಪಸ್. ಜೋಂಬಿ ಕೈಯಲ್ಲಿ ಸತ್ತು ಕಳೆದುಕೊಂಡದ್ದಕ್ಕೆ ಪರಿಹಾರ ಇಲ್ಲ, ಸರ್ವರ್ ಕೈಕೊಟ್ಟು ಹೋದದ್ದಕ್ಕೆ ಮಾತ್ರ. ಈ ಗೆರೆಯನ್ನು ಮೊದಲ ದಿನವೇ ಎಳೆದುಕೊಂಡರೆ ಗೆಳೆತನ ಉಳಿಯುತ್ತದೆ.

ರಿಪೇರಿಗೆ ಬೇಕಾಗುವ ಕೆಲವೇ ಕಮಾಂಡ್‌ಗಳು

ಗೋಡೆಯಲ್ಲಿ ಸಿಕ್ಕಿದವರಿಗೆ ಟೆಲಿಪೋರ್ಟ್‌ಪ್ಲೇಯರ್. ಮೊದಲು 'ಎಲ್‌ಪಿ' ಕೊಟ್ಟು ಯಾರು ಎಲ್ಲಿದ್ದಾರೆ ನೋಡಿ, ಆಮೇಲೆ ಅವರ ಹೆಸರು ಮತ್ತು ಮೂರು ಅಂಕಿ ಕೊಡಿ: ಪೂರ್ವ-ಪಶ್ಚಿಮ, ಎತ್ತರ, ಉತ್ತರ-ದಕ್ಷಿಣ. ಪಶ್ಚಿಮ ಮತ್ತು ದಕ್ಷಿಣಕ್ಕೆ ಮೈನಸ್ ಗುರುತು. ಎತ್ತರ ಎಷ್ಟೆಂದು ಊಹಿಸಬೇಡಿ, −1 ಕೊಡಿ; ಆಟವೇ ನೆಲ ಹುಡುಕಿ ನಿಲ್ಲಿಸುತ್ತದೆ. ಊಹಿಸಿ ಕೊಟ್ಟು ಕಲ್ಲಿನೊಳಗೆ ಹೂತವರನ್ನು ಮತ್ತೆ ತೆಗೆಯುವುದು ಎರಡನೇ ಕೆಲಸವಾಗುತ್ತದೆ. ಹೆಸರಿನಲ್ಲಿ ಜಾಗವಿದ್ದರೆ ಉದ್ಧರಣ ಚಿಹ್ನೆಯೊಳಗೆ ಹಾಕಬೇಕು.

ಕಿಲ್‌ಆಲ್ ಸುತ್ತಲಿನ ಶತ್ರುಗಳನ್ನು ತೆಗೆಯುತ್ತದೆ, ಆಟಗಾರರನ್ನು ಮುಟ್ಟುವುದಿಲ್ಲ. ಜೋಂಬಿಗಳು ರಾಶಿಬಿದ್ದು ಸರ್ವರ್ ತೆವಳುವಾಗ ಉಪಯೋಗ. ಆದರೆ ಅದರ ಮುಂದೆ ಇನ್ನೊಂದು 'ಆಲ್' ಸೇರಿಸಿದರೆ ವಾಹನ, ಟರೆಟ್ (ತಾನಾಗಿ ಗುಂಡು ಹಾರಿಸುವ ಯಂತ್ರ) ಎಲ್ಲವೂ ಹೋಗುತ್ತವೆ. ಒಂದು ಸೈಕಲ್ ವಾಪಸ್ ಕೊಡಲು ಬಂದು ಎಲ್ಲರ ಗಾಡಿ ಕಳೆದುಬಿಡಬಹುದು.

ಎಲ್ಲಕ್ಕಿಂತ ಮೋಸದ್ದು ಸೆಟ್‌ಟೈಮ್. ರಾತ್ರಿ ಕಳೆದು ಬೆಳಗಾಗಲಿ ಎಂದು 'ಸೆಟ್‌ಟೈಮ್ ಡೇ' ಕೊಟ್ಟರೆ ಬೆಳಗಾಗುವುದು ಮೊದಲನೇ ದಿನದ ಮಧ್ಯಾಹ್ನ 12ಕ್ಕೆ! ಇಪ್ಪತ್ತೈದನೇ ದಿನದಲ್ಲಿದ್ದ ಲೋಕದ ಕ್ಯಾಲೆಂಡರ್ ಸೊನ್ನೆಗೆ ಹತ್ತಿರ ಬಂದು ನಿಲ್ಲುತ್ತದೆ, ಬ್ಲಡ್ ಮೂನ್ (ಜೋಂಬಿಗಳು ಹಿಂಡಾಗಿ ದಾಳಿ ಮಾಡುವ ರಾತ್ರಿ) ಲೆಕ್ಕವೂ ಅದರೊಂದಿಗೆ. ಸರಿಯಾದ ರೀತಿ: ಮೊದಲು 'ಗೆಟ್‌ಟೈಮ್' ಕೊಟ್ಟು ದಿನ ಗುರುತಿಟ್ಟುಕೊಳ್ಳಿ, ಆಮೇಲೆ ಸೆಟ್‌ಟೈಮ್ ಜೊತೆ ದಿನ, ಗಂಟೆ, ನಿಮಿಷ ಮೂರನ್ನೂ ಬರೆಯಿರಿ, 26 8 0 ಎನ್ನುವ ಹಾಗೆ. ತಪ್ಪು ಆಗಿಹೋಗಿದ್ದರೂ ಹೀಗೇ ವಾಪಸ್ ತರಬಹುದು, ಹಳೆಯ ದಿನ ನೆನಪಿದ್ದರೆ.

ವಸ್ತು ಕೊಡುವ ಬದಲು ನಿಯಮ ಸಡಿಲಿಸಿ

ಚೀಟ್ ಬೇಕೆನಿಸುವುದಕ್ಕೆ ಬಹುಪಾಲು ಕಾರಣ ಪುರುಸೊತ್ತಿಲ್ಲದಿರುವುದು. ಔಟರ್ ರಿಂಗ್ ರೋಡಿನ ಟ್ರಾಫಿಕ್ ದಾಟಿ ಮನೆ ಸೇರಿ, ಊಟ ಮಾಡಿ ಕುಳಿತರೆ ವಾರಕ್ಕೆ ಎರಡೂವರೆ ಗಂಟೆ ಸಿಕ್ಕೀತು. ಮೂಲ ಹೊಂದಿಕೆಯಲ್ಲಿ ಆಟದ ಒಂದು ದಿನಕ್ಕೆ ನಮ್ಮ 60 ನಿಮಿಷ, ಏಳು ದಿನಕ್ಕೊಮ್ಮೆ ಬ್ಲಡ್ ಮೂನ್. ಅಂದರೆ ಏಳು ಗಂಟೆಯ ಆಟಕ್ಕೊಂದು ದಾಳಿ, ಅಷ್ಟರಲ್ಲಿ ಕೋಟೆ ಎದ್ದಿರಬೇಕು. ಹೊಸಬರ ಗುಂಪಿಗೆ ಇದು ಕಷ್ಟ. ಸಿಎಂನಿಂದ ಕಾಂಕ್ರೀಟ್ ಇಳಿಸುವುದಕ್ಕಿಂತ ಸರ್ವರ್‌ಕಾನ್ಫಿಗ್‌ನಲ್ಲಿ ಬ್ಲಡ್‌ಮೂನ್‌ಫ್ರೀಕ್ವೆನ್ಸಿಯನ್ನು 10 ಮಾಡಿ, ಡೇನೈಟ್‌ಲೆಂತ್ 90ಕ್ಕೆ ಏರಿಸಿ. ಎರಡು ದಾಳಿಗಳ ನಡುವೆ ಹದಿನೈದು ಗಂಟೆ ಸಿಗುತ್ತದೆ. ಅನುಭವದ ಅಂಕ ಎಷ್ಟು ಬೇಗ ಸೇರಬೇಕೆಂದು ಹೇಳುವ ಎಕ್ಸ್‌ಪಿ ಮಲ್ಟಿಪ್ಲೈಯರ್ 100ರಿಂದ 150ಕ್ಕೆ ಏರಿಸಿದರೆ ಸಾಕು, 300 ಕೊಟ್ಟರೆ ಒಂದೇ ವಾರಾಂತ್ಯದಲ್ಲಿ ಕಲಿಯುವುದು ಮುಗಿದು ಬೇಸರ ಬರುತ್ತದೆ. ಸತ್ತಾಗ ಏನು ಬೀಳಬೇಕು ಎಂಬುದು ಡ್ರಾಪ್‌ಆನ್‌ಡೆತ್‌ನಲ್ಲಿದೆ: 0 ಏನೂ ಇಲ್ಲ, 1 ಎಲ್ಲ, 2 ಟೂಲ್‌ಬೆಲ್ಟ್ (ಕೈಗೆ ತಕ್ಷಣ ಸಿಗುವ ಸಾಲಿನ ವಸ್ತುಗಳು) ಮಾತ್ರ, 3 ಬ್ಯಾಗ್ ಮಾತ್ರ. 4 ಮುಟ್ಟಬೇಡಿ, ಅದು ಎಲ್ಲವನ್ನೂ ಅಳಿಸುತ್ತದೆ. 3 ಇಟ್ಟರೆ ಕೈಯಲ್ಲಿನ ಹತಾರ ಉಳಿಯುತ್ತದೆ, ಹೋದ ಜಾಗಕ್ಕೆ ಮತ್ತೆ ಹೋಗುವ ರೋಚಕತೆಯೂ ಉಳಿಯುತ್ತದೆ.

ಗಮನಿಸದೆ ಬಿಡುವ ಇನ್ನೊಂದು ಸಾಲು ಲ್ಯಾಂಡ್‌ಕ್ಲೇಮ್‌ಎಕ್ಸ್‌ಪೈರಿಟೈಮ್. ಇದು ಆಟದ ದಿನವಲ್ಲ, ನಮ್ಮ ದಿನ. ದಸರಾ ರಜೆಗೆ ಹತ್ತು ದಿನ ಊರಿಗೆ ಹೋದವರು ವಾಪಸ್ ಬರುವಷ್ಟರಲ್ಲಿ ಅವರ ಜಾಗದ ರಕ್ಷಣೆ ಮುಗಿದಿರಬಹುದು. 30 ಮಾಡಿಡಿ. ಈ ಫೈಲಿನ ಬದಲಾವಣೆ ಸರ್ವರ್ ನಿಲ್ಲಿಸಿ ಮತ್ತೆ ಓಡಿಸಿದ ಮೇಲೇ ಜಾರಿ.

ಮಾಡ್ ಹಾಕುವಾಗ

ಮಾಡ್ ಎಂದರೆ ಆಟವನ್ನು ಬದಲಿಸಲು ಬೇರೆಯವರು ಮಾಡಿಟ್ಟ ಫೈಲ್‌ಗಳು. ಇವುಗಳಲ್ಲಿ ಎರಡು ಜಾತಿ. ಬರೀ ಎಕ್ಸ್‌ಎಂಎಲ್ ತಿದ್ದುವ ಮಾಡ್‌ಲೆಟ್‌ಗಳನ್ನು ಸರ್ವರ್‌ನ ಮಾಡ್ಸ್ ಫೋಲ್ಡರಿಗೆ ಹಾಕಿದರೆ ಸಾಕು. ಜೊತೆಗಾರರು ಸೇರುವಾಗ ಆ ಬದಲಾವಣೆ ಅವರಿಗೆ ತಾನಾಗಿ ಹೋಗುತ್ತದೆ, ಆ್ಯಂಟಿ-ಚೀಟ್ ಆನ್ ಇದ್ದರೂ ನಡೆಯುತ್ತದೆ. ಒಂದು ಕಟ್ಟಿನಲ್ಲಿ ಎಷ್ಟು ಮರ ಹಿಡಿಯಬೇಕು, ಬೆಳೆ ಎಷ್ಟು ಬೇಗ ಬರಬೇಕು ಎಂಬಂಥವು ಇದರಲ್ಲಾಗುತ್ತವೆ. ಹೊಸ ಮಾದರಿ, ಹೊಸ ಚಿತ್ರ ತರುವ ಮಾಡ್ ಆದರೆ ಪ್ರತಿಯೊಬ್ಬರೂ ತಮ್ಮ ಕಂಪ್ಯೂಟರಿನಲ್ಲೂ ಹಾಕಿಕೊಳ್ಳಬೇಕು.

ಎರಡನೆಯದು ಡಿಎಲ್‌ಎಲ್ ಫೈಲ್, ಅಂದರೆ ಪ್ರೋಗ್ರಾಂ ಕೋಡ್, ಇರುವ ಮಾಡ್. ಹೊಸ ಅಡ್ಮಿನ್ ಮೆನು ಕೊಡುವ ಮಾಡ್‌ಗಳು ಸಾಮಾನ್ಯವಾಗಿ ಈ ಜಾತಿ. ಆಟಗಾರರ ಯಂತ್ರದಲ್ಲಿ ಇವು ಓಡಬೇಕಾದರೆ ಅವರು ಆಟವನ್ನು ಆ್ಯಂಟಿ-ಚೀಟ್ ಇಲ್ಲದೆ ತೆರೆಯಬೇಕು, ಸರ್ವರ್‌ನಲ್ಲೂ ಈಸಿ ಆ್ಯಂಟಿ-ಚೀಟ್‌ಗೆ ಸೇರಿದ ಇಎಸಿ ಎನೇಬಲ್ಡ್ ಸಾಲು 'ಫಾಲ್ಸ್' ಆಗಬೇಕು. ಆ ಕ್ಷಣದಿಂದ ಒಳಗೆ ಬರುವ ಯಾರ ಕೈಯಲ್ಲೇನಿದೆ ಎಂದು ಸರ್ವರ್ ನೋಡುವುದಿಲ್ಲ. ಹಾಗಾಗಿ ಪಾಸ್‌ವರ್ಡೂ ವೈಟ್‌ಲಿಸ್ಟೂ ಎರಡೂ ಇಲ್ಲದೆ ಅದನ್ನು ಆಫ್ ಮಾಡಬೇಡಿ.

ಮಾಡ್ ಕೆಲಸ ಮಾಡದಿದ್ದರೆ ಮೊದಲು ಫೋಲ್ಡರ್ ನೋಡಿ. ಜಿಪ್ ಬಿಚ್ಚಿದಾಗ ಒಂದರೊಳಗೊಂದು ಅದೇ ಹೆಸರಿನ ಎರಡು ಫೋಲ್ಡರ್ ಆಗಿರುತ್ತವೆ. ಮಾಡ್‌ಇನ್ಫೋ ಎಕ್ಸ್‌ಎಂಎಲ್ ಮೊದಲ ಫೋಲ್ಡರಿನಲ್ಲೇ ಕಾಣಬೇಕು. ಸೊನ್ನೆಯಿಂದ ಶುರುವಾಗಿ ಟಿಎಫ್‌ಪಿ ಹಾರ್ಮನಿ ಎಂದಿರುವ ಫೋಲ್ಡರ್ ಆಟದ್ದೇ, ಕಸವೆಂದು ಅಳಿಸಬೇಡಿ. ಆಮೇಲೆ ಲಾಗ್ ತೆರೆದು ಎಕ್ಸ್‌ಎಂಎಲ್ ಪದದ ಸುತ್ತ ಎಚ್ಚರಿಕೆ ಇದೆಯೇ ಹುಡುಕಿ. ಆಟದ ದೊಡ್ಡ ಅಪ್‌ಡೇಟ್ ಬಂದಾಗ ಮಾಡ್ ಹುಡುಕುತ್ತಿರುವ ಹೆಸರು ಆಟದೊಳಗೆ ಬದಲಾಗಿರುತ್ತದೆ, ಮಾಡ್ ಸುಮ್ಮನೆ ಕುಳಿತುಬಿಡುತ್ತದೆ. ಒಂದು ಸಲಕ್ಕೆ ಒಂದೇ ಮಾಡ್ ಹಾಕಿ, ಓಡಿಸಿ ನೋಡಿ, ಆಮೇಲೆ ಮುಂದಿನದು. ವಸ್ತು ಅಥವಾ ಬ್ಲಾಕ್ ಸೇರಿಸಿದ ಮಾಡನ್ನು ನಡುವೆ ಕಿತ್ತರೆ ಅದರಿಂದ ಕಟ್ಟಿದ್ದೆಲ್ಲ ಕೆಡಬಹುದು.

ಕರೆಂಟ್ ಹೋದಾಗ

ಮಳೆಗಾಲದ ಸಂಜೆಗಳಲ್ಲಿ ಸೇವ್ ಹಾಳಾಗುವುದು ಹೆಚ್ಚಾಗಿ ಇದರಿಂದಲೇ. ಸರ್ವರ್ ಬರೆಯುತ್ತಿರುವಾಗ ವಿದ್ಯುತ್ ನಿಂತರೆ ಫೈಲ್ ಅರ್ಧಕ್ಕೇ ತುಂಡಾಗುತ್ತದೆ. ಸರ್ವರ್ ಯಂತ್ರ ಮತ್ತು ರೌಟರ್ ಎರಡೂ ಯುಪಿಎಸ್‌ನಲ್ಲಿರಲಿ. 'ಸೇವ್‌ವರ್ಲ್ಡ್', 'ಶಟ್‌ಡೌನ್' ಎರಡು ಕಮಾಂಡ್ ಕೊಡಲು ಒಂದು ನಿಮಿಷ ಸಿಕ್ಕರೆ ಸಾಕು. ದೊಡ್ಡ ಗ್ರಾಫಿಕ್ಸ್ ಕಾರ್ಡ್ ಇರುವ ಪಿಸಿಗೆ 600 ವಿಎ ಯುಪಿಎಸ್ ಆಗುವುದಿಲ್ಲ, ಆಟ ಓಡುತ್ತಿರುವಾಗಲೇ ಕೂಗಿ ಬಿದ್ದುಹೋಗುತ್ತದೆ.

ಬ್ಯಾಕಪ್ ಎಂದರೆ ಸೇವ್ಸ್ ಫೋಲ್ಡರ್ ಒಂದೇ ಅಲ್ಲ. ನೀವೇ ಹುಟ್ಟಿಸಿದ ಲೋಕದಲ್ಲಿ ಆಡುತ್ತಿದ್ದರೆ ಪಕ್ಕದಲ್ಲಿರುವ ಜನರೇಟೆಡ್‌ವರ್ಲ್ಡ್ಸ್ ಫೋಲ್ಡರೂ ಬೇಕು. ಅದಿಲ್ಲದೆ ಸೇವ್ ತಂದರೆ ಮನೆಯ ಪತ್ರ ಇದೆ, ಸೈಟೇ ಇಲ್ಲ ಎಂಬಂತಾಗುತ್ತದೆ. ಸರ್ವರ್ ನಿಲ್ಲಿಸಿದ ಮೇಲೇ ಕಾಪಿ ಮಾಡಿ. ಕೊನೆಯ ಐದು ಬ್ಯಾಕಪ್ ಇಟ್ಟುಕೊಂಡರೆ ಸಾಕು. ಸಿಎಂ ಅಥವಾ ಸೆಟ್‌ಟೈಮ್ ಮುಟ್ಟುವ ಮುನ್ನವೂ ಒಂದು ತೆಗೆದಿಡಿ.

ಒಬ್ಬರ ಪಾತ್ರ ಮಾತ್ರ ಹಾಳಾಗಿದ್ದರೆ ಇಡೀ ಲೋಕ ಹಿಂದಕ್ಕೆ ತರಬೇಕಿಲ್ಲ. ಸೇವ್ ಒಳಗಿನ ಪ್ಲೇಯರ್ ಫೋಲ್ಡರಿನಲ್ಲಿ ಪ್ರತಿಯೊಬ್ಬರದೂ ಟಿಟಿಪಿ ಫೈಲ್ ಇದೆ. ಬ್ಯಾಕಪ್‌ನಿಂದ ಅವರದೊಂದನ್ನು ತಂದು ಹಾಕಿ. ಬ್ಯಾಕಪ್ ಇಲ್ಲದಿದ್ದರೆ ಅಲ್ಲೇ ಬಿಎಕೆ ಎಂದು ಕೊನೆಯಾಗುವ ಫೈಲ್ ಇದೆಯೇ ನೋಡಿ, ಹೆಸರಿನ ಆ ಬಾಲ ತೆಗೆದರೆ ಅದೇ ಬದಲಿ.

ಒಂದು ಜಾಗಕ್ಕೆ ಹೋದರೆ ಸಾಕು ಸರ್ವರ್ ಕೆಂಪು ಎರರ್ ಕಕ್ಕುತ್ತದೆ ಎಂದರೆ ಆ ಜಾಗದ ನಕ್ಷೆ ಇರುವ ರೀಜನ್ ಫೈಲ್ ಕೆಟ್ಟಿದೆ. ಒಂದು ರೀಜನ್ 512 × 512 ಬ್ಲಾಕ್. ಜಾಗದ ಎರಡು ಅಂಕಿಗಳನ್ನು 512ರಿಂದ ಭಾಗಿಸಿ, ಕೆಳಗಿನ ಪೂರ್ಣಸಂಖ್ಯೆಗೆ ಇಳಿಸಿ. ಪೂರ್ವ 1300, ದಕ್ಷಿಣ 700 ಎಂದರೆ 1300ರಿಂದ 2 ಬರುತ್ತದೆ, −700ರಿಂದ −2. −1 ಅಲ್ಲ, ಮೈನಸ್‌ನಲ್ಲಿ ಕೆಳಕ್ಕೆ ಇಳಿಯುವುದೆಂದರೆ ಸೊನ್ನೆಯಿಂದ ದೂರ ಹೋಗುವುದು, ಎಲ್ಲರೂ ತಪ್ಪುವುದು ಇಲ್ಲೇ. ರೀಜನ್ ಫೋಲ್ಡರಿನಲ್ಲಿ ಹೆಸರಿನೊಳಗೆ ಆ 2 ಮತ್ತು −2 ಇರುವ ಫೈಲನ್ನು ಬ್ಯಾಕಪ್‌ನದರಿಂದ ಬದಲಿಸಿ. ಬ್ಯಾಕಪ್ ಇಲ್ಲದೆ ಅಳಿಸಿದರೆ ಆ ಚೌಕ ಮೊದಲ ದಿನದಂತೆ ಹೊಸದಾಗಿ ಹುಟ್ಟುತ್ತದೆ, ಅಲ್ಲಿ ಕಟ್ಟಿದ ಮನೆ ಇರುವುದಿಲ್ಲ. ಚಾಟ್‌ನಲ್ಲಿ ಒಂದು ಸಾಲು ಬರೆದು, ಸ್ಕ್ರೀನ್‌ಶಾಟ್ ತರಿಸಿಕೊಂಡು, ಗೋಡೆಗೆ ಬೇಕಾದಷ್ಟು ಬ್ಲಾಕನ್ನು ಸಿಎಂನಿಂದ ಇಳಿಸಿಕೊಡಬೇಕಾದದ್ದು ಆಗ.